ತುಂಬಿದ ಟ್ಯಾಬ್ಲೆಟ್ ಮತ್ತು ಪರಿಗ್ರಹ ಪರಿಮಾಣ

ಗೃಹಸ್ಥನಾದವನು ಸಮಸ್ತ ಪರಿಗ್ರಹವನ್ನೂ ತ್ಯಜಿಸಲಾರನು, ಅದು ಮುನಿಧರ್ಮ. ಆದುದರಿಂದಲೇ ಜಿನಾಗಮವು ಶ್ರಾವಕನಿಗೆ ಪರಿಗ್ರಹ ಪರಿಮಾಣವೆಂಬ ಅಣುವ್ರತವನ್ನು ವಿಧಿಸಿದೆ. ಹೊಲ-ಮನೆ, ಬೆಳ್ಳಿ-ಬಂಗಾರ, ಧನ-ಧಾನ್ಯ, ದಾಸ-ದಾಸಿಯರು, ಬಟ್ಟೆ-ಪಾತ್ರೆ ಇವುಗಳಿಗೆ ಇಷ್ಟೇ ಎಂದು ಎಲ್ಲೆ ಹಾಕಿಕೊಂಡು, ಆ ಎಲ್ಲೆಯನ್ನು ಮೀರದೆ ಬಾಳುವುದು ಈ ವ್ರತದ ಸಾರ. ಶಾಸ್ತ್ರಕಾರರ ಈ ಪಟ್ಟಿಯಲ್ಲಿಲ್ಲದ ಹೊಸ ಬಗೆಯ ಪರಿಗ್ರಹವೊಂದು ಇಂದು ಮನೆಮನೆಯನ್ನೂ ಸೇರಿದೆ. ಅದಕ್ಕೆ ತೂಕವಿಲ್ಲ, ಕಪಾಟಿನಲ್ಲಿ ಜಾಗ ಬೇಕಿಲ್ಲ, ಬಹುಪಾಲು ಬೆಲೆಯೂ ಇಲ್ಲ. ಮೊಬೈಲು, ಟ್ಯಾಬ್ಲೆಟ್ಟುಗಳೊಳಗೆ ತುಂಬಿಕೊಂಡಿರುವ ಆಟಗಳು, ಚಿತ್ರಗಳು, ಧ್ವನಿಮುದ್ರಿಕೆಗಳೇ ಆ ಪರಿಗ್ರಹ. ಇದಕ್ಕೂ ಪರಿಮಾಣ ಬೇಕೇ? ಸ್ಥಳ ಸಾಲದೆ ಆಟವೊಂದನ್ನು ಅಳಿಸಿಹಾಕಿದರೆ ಅದು ತ್ಯಾಗವೆನಿಸೀತೇ? ಈ ಪ್ರಶ್ನೆಗಳು ಮೇಲುನೋಟಕ್ಕೆ ಕ್ಷುಲ್ಲಕವಾಗಿ ಕಂಡರೂ ಶ್ರಾವಕಾಚಾರದ ಮೂಲವನ್ನೇ ಮುಟ್ಟುತ್ತವೆ.

ಮಂಗಳೂರಿನಿಂದ ಮೂಡುಬಿದಿರೆಗೆ ಹೋಗುವ ಹೆದ್ದಾರಿಯಲ್ಲಿರುವ ವಾಮಂಜೂರಿನ ಒಂದು ಮನೆಯನ್ನು ಉದಾಹರಣೆಗೆ ಕಲ್ಪಿಸಿಕೊಳ್ಳಬಹುದು. 2020ರಲ್ಲಿ ಶಾಲೆಗಳು ಮುಚ್ಚಿದಾಗ ಮಗುವಿನ ಪಾಠಕ್ಕೆಂದು ಆ ಮನೆಯವರು ಒಂದು ಟ್ಯಾಬ್ಲೆಟ್ ಕೊಂಡರು. ಆ ಕಾಲದಲ್ಲಿ ಸಾವಿರಾರು ಮನೆಗಳವರು ಹಾಗೆಯೇ ಮಾಡಿದರು. 2021ರಲ್ಲಿ ಕರ್ನಾಟಕ ಸರಕಾರವೇ ಸರಕಾರಿ ಕಾಲೇಜುಗಳ ಒಂದೂವರೆ ಲಕ್ಷಕ್ಕೂ ಹೆಚ್ಚು ವಿದ್ಯಾರ್ಥಿಗಳಿಗೆ ಟ್ಯಾಬ್ಲೆಟ್ ಹಂಚಿತು. ಶಾಲೆ ತೆರೆದ ಮೇಲೆ ಪಾಠದ ಉಪಕರಣವು ಮನೆಮಂದಿಯೆಲ್ಲರ ಸೊತ್ತಾಯಿತು. ಅಜ್ಜನವರು ಕೇಳುವ ಪ್ರವಚನಗಳು, ತಾಯಿ ತೆಗೆದ ಪಂಚಕಲ್ಯಾಣದ ಚಿತ್ರಗಳು, ಮಗಳ ಪಾಠದ ಹಾಳೆಗಳು, ಮಗನ ಹತ್ತಾರು ಆಟಗಳು ಎಲ್ಲವೂ ಅದರಲ್ಲಿ ಸೇರಿದವು. ಈಗ ಹೊಸದೊಂದು ಪ್ರವಚನವನ್ನು ಇಳಿಸಿಕೊಳ್ಳಹೊರಟರೆ ಸ್ಥಳವಿಲ್ಲವೆಂಬ ಸೂಚನೆ ಬರುತ್ತದೆ. ಹೊಸತನ್ನು ಕೊಳ್ಳುವುದೋ, ಆಟಗಳನ್ನು ತೆಗೆದುಹಾಕುವುದೋ ಎಂಬ ಚರ್ಚೆ ಮನೆಯಲ್ಲಿ ಏಳುತ್ತದೆ.

ಮೊದಲು ಉಪಕರಣದ ಸ್ವಭಾವವನ್ನು ಅರಿಯಬೇಕು. 16 ಜಿಬಿ ಎಂದು ಪೆಟ್ಟಿಗೆಯ ಮೇಲೆ ಬರೆದಿದ್ದರೂ ಅಷ್ಟೂ ಬಳಕೆಗೆ ದೊರೆಯುವುದಿಲ್ಲ. ಅದನ್ನು ನಡೆಸುವ ವ್ಯವಸ್ಥೆಯೇ ಹಲವು ಜಿಬಿಗಳನ್ನು ಹಿಡಿದಿರುತ್ತದೆ. ಚಿಕ್ಕದೆಂದು ತೋರುವ ಆಟವು ಮೊದಲ ಸಲ ತೆರೆದೊಡನೆ ಮತ್ತಷ್ಟು ಕಡತಗಳನ್ನು ತರಿಸಿಕೊಂಡು ಬೆಳೆಯುವುದುಂಟು. ಇದರಲ್ಲಿರುವ ಸ್ಮೃತಿಕೋಶದಲ್ಲಿ ಹಳೆಯ ಬರಹದ ಮೇಲೆಯೇ ಹೊಸದನ್ನು ಬರೆಯಲಾಗದು. ಒಂದೊಂದು ಕಟ್ಟನ್ನು ಪೂರ್ತಿಯಾಗಿ ಅಳಿಸಿದ ಬಳಿಕವೇ ಬರೆಯಬೇಕು. ಆದುದರಿಂದ ಸ್ಥಳ ಪೂರ್ಣವಾಗಿ ತುಂಬಿದರೆ ಉಪಕರಣ ನಿಧಾನವಾಗುತ್ತದೆ, ಪರಿಷ್ಕರಣೆಗಳು ನಿಂತುಹೋಗುತ್ತವೆ. ಬಾಗಿಲವರೆಗೆ ಮೂಟೆ ಪೇರಿಸಿದ ಗೋದಾಮಿನಿಂದ ಒಂದು ಮೂಟೆಯನ್ನೂ ಹೊರತೆಗೆಯಲಾಗದೆಂಬುದು ವ್ಯಾಪಾರಿಗಳಿಗೆ ತಿಳಿದ ವಿಷಯ. ಖಾಲಿ ಬಿಟ್ಟ ದಾರಿ ನಷ್ಟವಲ್ಲ. ಉಳಿದ ಮಾಲು ಉಪಯೋಗಕ್ಕೆ ಬರುವುದು ಆ ದಾರಿಯಿಂದಲೇ. ಜೈನದರ್ಶನವಂತೂ ಆಕಾಶವನ್ನು ಶೂನ್ಯವೆನ್ನದೆ ಒಂದು ದ್ರವ್ಯವೆಂದೇ ಗಣಿಸಿದೆ. ಇತರ ದ್ರವ್ಯಗಳಿಗೆ ಅವಗಾಹವನ್ನು, ಅಂದರೆ ನೆಲೆಯನ್ನು, ಕೊಡುವುದೇ ಅದರ ಉಪಕಾರ.

ಹೊಸತನ್ನು ಕೊಳ್ಳುವ ಮಾತಿಗೆ ವಾಮಂಜೂರಿನ ಮಗ್ಗುಲಲ್ಲಿಯೇ ಉತ್ತರವಿದೆ. ಪಚ್ಚನಾಡಿಯಲ್ಲಿ ಮಂಗಳೂರು ಮಹಾನಗರ ಪಾಲಿಕೆಯ ಕಸ ಸುರಿಯುವ ನೆಲೆಯಿದೆ. 2019ರ ಆಗಸ್ಟ್ ತಿಂಗಳ ಭಾರಿ ಮಳೆಗೆ ಅಲ್ಲಿನ ಕಸದ ಗುಡ್ಡ ಜರಿದು ಕೆಳಗಿನ ಮಂದಾರ ಪ್ರದೇಶದ ಮೇಲೆ ಹರಿಯಿತು. ಮನೆಗಳು, ತೆಂಗು-ಕಂಗಿನ ತೋಟಗಳು ಕಸದಡಿಯಾದವು. ಹಲವು ಕುಟುಂಬಗಳು ನೆಲೆ ಬಿಟ್ಟು ಹೋಗಬೇಕಾಯಿತು. ನಗರದ ಲಕ್ಷಾಂತರ ಮನೆಗಳು ತಮ್ಮ ಸ್ಥಳವನ್ನು ತೆರವು ಮಾಡಿಕೊಂಡುದರ ಭಾರವನ್ನು ಕೆಲವೇ ಮನೆಗಳು ಹೊತ್ತವು. ಒಬ್ಬರ ಮನೆಯಲ್ಲಿ ತೆರವಾದದ್ದು ಲೋಕದಿಂದ ಇಲ್ಲವಾಗುವುದಿಲ್ಲ, ಇನ್ನೊಬ್ಬರ ಅಂಗಳವನ್ನು ಸೇರುತ್ತದೆ ಎಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ಸಾಕ್ಷಿ ಬೇಕಿಲ್ಲ.

ವಿದ್ಯುನ್ಮಾನ ಕಸವಂತೂ ಇನ್ನೂ ಅಪಾಯಕಾರಿ. ವಿಶ್ವಸಂಸ್ಥೆಯ ಅಂಗಸಂಸ್ಥೆಗಳು 2024ರಲ್ಲಿ ಪ್ರಕಟಿಸಿದ ವರದಿಯ ಪ್ರಕಾರ 2022ರಲ್ಲಿ ಜಗತ್ತಿನಲ್ಲಿ 6.2 ಕೋಟಿ ಟನ್ ವಿದ್ಯುನ್ಮಾನ ಕಸ ಉತ್ಪತ್ತಿಯಾಯಿತು. ಅದರಲ್ಲಿ ಕ್ರಮಬದ್ಧವಾಗಿ ಸಂಗ್ರಹಿಸಿ ಮರುಬಳಕೆಗೆ ಒದಗಿಸಿದ್ದು ಶೇಕಡಾ 22.3 ಮಾತ್ರ. ಒಂದು ಟ್ಯಾಬ್ಲೆಟ್ ತಯಾರಾಗಬೇಕಾದರೆ ಭೂಮಿಯನ್ನು ಅಗೆಯಬೇಕು, ನೀರನ್ನು ಬಳಸಬೇಕು, ಬೆಂಕಿಯಲ್ಲಿ ಲೋಹವನ್ನು ಕರಗಿಸಬೇಕು. ಪೃಥ್ವೀಕಾಯ, ಜಲಕಾಯ, ಅಗ್ನಿಕಾಯ ಜೀವಗಳಿಗೂ ನೋವುಂಟೆಂದು ನಂಬುವ ಶ್ರಾವಕನಿಗೆ ಇದು ಆರಂಭಹಿಂಸೆಯೆಂದು ಬಿಡಿಸಿ ಹೇಳಬೇಕಾಗಿಲ್ಲ. ನಾಲ್ಕು ಆಟಗಳನ್ನು ತೆಗೆದು ಹಳೆಯ ಉಪಕರಣವನ್ನು ಇನ್ನೆರಡು ವರ್ಷ ನಡೆಸಬಹುದಾದರೆ ಅದು ಜಿಪುಣತನವಲ್ಲ, ಅಹಿಂಸೆಯ ಒಂದು ಅಂಶ. ಆದರೆ ಇದಕ್ಕೂ ವಿವೇಕ ಬೇಕು. ಬ್ಯಾಟರಿ ಉಬ್ಬಿದ್ದರೆ ಬಳಕೆಯನ್ನು ಕೂಡಲೇ ನಿಲ್ಲಿಸಬೇಕು. ಸುರಕ್ಷತಾ ಪರಿಷ್ಕರಣೆ ನಿಂತುಹೋದ ಉಪಕರಣದಲ್ಲಿ ಬ್ಯಾಂಕಿನ ವ್ಯವಹಾರ ಮಾಡಬಾರದು. ಕೊನೆಗೆ ವಿಲೇವಾರಿ ಮಾಡುವಾಗ ಮನೆಯ ಕಸದೊಡನೆ ಎಸೆಯದೆ, ಅಧಿಕೃತ ಸಂಗ್ರಹಗಾರರಿಗೇ ಒಪ್ಪಿಸಬೇಕು.

ಇನ್ನು ಯಾವ ಆಟವನ್ನು ತೆಗೆಯಬೇಕೆಂಬ ಪ್ರಶ್ನೆ. ಹಣವಿಟ್ಟು ಆಡುವ ಆಟಗಳ ಬಗ್ಗೆ ಚರ್ಚೆಗೆ ಅವಕಾಶವೇ ಇಲ್ಲ. ಸಪ್ತವ್ಯಸನಗಳಲ್ಲಿ ದ್ಯೂತವೇ ಮೊದಲನೆಯದು. 2025ರ ಆಗಸ್ಟ್‌ನಲ್ಲಿ ಸಂಸತ್ತು ಅಂಗೀಕರಿಸಿದ ಕಾಯಿದೆಯೂ ಹಣದ ಆನ್‌ಲೈನ್ ಆಟಗಳನ್ನು ನಿಷೇಧಿಸಿದೆ. ಕೊಲ್ಲುವ ಆಟಗಳ ವಿಚಾರ ಇಷ್ಟು ಸರಳವಲ್ಲ. ಪರದೆಯ ಮೇಲೆ ಬೀಳುವ ಆಕೃತಿಗೆ ಜೀವವಿಲ್ಲ, ಹಿಂಸೆ ಎಲ್ಲಿಂದ ಬಂತು ಎಂದು ಮಕ್ಕಳು ಕೇಳುವುದು ಸಹಜ. 1209ರಲ್ಲಿ ಜನ್ನ ಕವಿ ರಚಿಸಿದ ‘ಯಶೋಧರ ಚರಿತೆ’ಯ ವಸ್ತುವೇ ಈ ಪ್ರಶ್ನೆ. ಯಶೋಧರನು ತಾಯಿಯ ಒತ್ತಾಯಕ್ಕೆ ಮಣಿದು ಬಲಿಕೊಟ್ಟದ್ದು ಜೀವವಿರುವ ಕೋಳಿಯನ್ನಲ್ಲ, ಹಿಟ್ಟಿನ ಕೋಳಿಯನ್ನು. ಆದರೂ ತಾಯಿ-ಮಗ ಇಬ್ಬರೂ ಅನೇಕ ತಿರ್ಯಗ್ಜನ್ಮಗಳಲ್ಲಿ ತೊಳಲಿದರು. ಕೊಂದ ವಸ್ತುವಿಗೆ ಜೀವವಿರಲಿಲ್ಲ. ಕೊಲ್ಲುವ ಸಂಕಲ್ಪಕ್ಕೆ ಜೀವವಿತ್ತು.

ಹಾಗೆಂದು ಮಗುವಿನ ಆಟವನ್ನು ಯಶೋಧರನ ಬಲಿಗೆ ಸಮನಾಗಿಸುವುದೂ ನ್ಯಾಯವಲ್ಲ. ಯಶೋಧರನು ಜೀವದ ಕೋಳಿಗೆ ಬದಲಾಗಿ, ಬಲಿಯೆಂಬ ಭಾವದಿಂದಲೇ ಹಿಟ್ಟಿನ ಕೋಳಿಯನ್ನು ಕೊಂದನು. ಮಗುವಿಗೆ ಅಂತಹ ಸಂಕಲ್ಪವಿರುವುದಿಲ್ಲ. ಆದುದರಿಂದ ಅಳತೆಗೋಲು ಬೇರೆಯಾಗಬೇಕು. ಆಟ ಮುಗಿದ ಮೇಲೆ ಮನಸ್ಸಿನಲ್ಲಿ ಏನು ಉಳಿಯುತ್ತದೆ? ಸೋತಾಗ ಕ್ರೋಧ, ಗೆದ್ದಾಗ ಮಾನ, ಅಡಗಿಸಿಟ್ಟು ಆಡುವ ಮಾಯೆ, ಇನ್ನೊಂದು ಸುತ್ತು ಬೇಕೆಂಬ ಲೋಭ, ಈ ನಾಲ್ಕು ಕಷಾಯಗಳಲ್ಲಿ ಯಾವುದನ್ನು ಆಟ ಬೆಳೆಸುತ್ತದೆಯೋ ನೋಡಿ ನಿರ್ಣಯಿಸಬೇಕು. ಉಪಯೋಗವೇ ಇಲ್ಲದೆ ಕಷಾಯವನ್ನು ಮಾತ್ರ ಬೆಳೆಸುವುದು ಅನರ್ಥದಂಡ. ಅದನ್ನು ತೆಗೆಯಲು ಸ್ಥಳ ತುಂಬುವವರೆಗೆ ಕಾಯುವ ಅಗತ್ಯವಿಲ್ಲ.

ಆಟವೆಲ್ಲವೂ ಹೇಯವೆಂದು ಇದರ ಅರ್ಥವಲ್ಲ. ತುಳುನಾಡಿನ ಮನೆಗಳಲ್ಲಿ ಚೆನ್ನೆಮಣೆ ಇತ್ತು. ಆಟಿ ತಿಂಗಳ ಜಡಿಮಳೆಯಲ್ಲಿ ಹೊಲದ ಕೆಲಸವಿಲ್ಲದಾಗ ಹೆಂಗಸರು ಮಕ್ಕಳು ಹದಿನಾಲ್ಕು ಗುಳಿಗಳ ಆ ಮಣೆಯಲ್ಲಿ ಮಂಜೊಟ್ಟಿ ಕಾಯಿಗಳನ್ನಿಟ್ಟು ಆಡುತ್ತಿದ್ದರು. ಆಟಿ ಮುಗಿದೊಡನೆ ಮಣೆಯನ್ನು ಎತ್ತಿಡುವುದು ವಾಡಿಕೆಯಾಗಿತ್ತು. ಆಟಕ್ಕೆ ಕಾಲದ ಎಲ್ಲೆಯಿತ್ತು; ಆ ಎಲ್ಲೆಯನ್ನು ಮನೆಯ ಹಿರಿಯರೂ ಪಾಲಿಸುತ್ತಿದ್ದರು. ಟ್ಯಾಬ್ಲೆಟ್ಟಿನ ಆಟಕ್ಕೆ ಆಟಿಯೂ ಇಲ್ಲ, ಸೋಣವೂ ಇಲ್ಲ. ದೋಷವಿರುವುದು ಆಟದಲ್ಲಿ ಎನ್ನುವುದಕ್ಕಿಂತ ಎಲ್ಲೆಯಿಲ್ಲದಿರುವುದರಲ್ಲಿ ಎನ್ನಬೇಕು.

ಹಿರಿಯರು ಸಾಮಾನ್ಯವಾಗಿ ಮರೆಯುವ ಇನ್ನೊಂದು ಸಂಗತಿಯಿದೆ. ತೆಗೆಯುವ ಆಟ ಯಾರದು? ಮಗು ಶಾಲೆಗೆ ಹೋಗಿರುವಾಗ ತಂದೆಯೋ ಅಜ್ಜನೋ ಅದರ ಆಟವನ್ನು ಅಳಿಸಿಹಾಕುವುದುಂಟು. ಆಟವನ್ನು ಪುನಃ ತರಿಸಿಕೊಳ್ಳಬಹುದು. ಆದರೆ ಮಗು ತಿಂಗಳುಗಟ್ಟಲೆ ಆಡಿ ಏರಿದ ಹಂತಗಳ ದಾಖಲೆ ಆ ಉಪಕರಣದಲ್ಲಿ ಮಾತ್ರ ಇದ್ದರೆ, ಅದು ಆಟದೊಡನೆಯೇ ಹೋಗುತ್ತದೆ. ಹಿರಿಯರ ದೃಷ್ಟಿಗೆ ಅದು ಬೆಲೆಯಿಲ್ಲದ್ದು. ಮಗುವಿಗೆ ಅದೇ ಸಂಪತ್ತು. ಕೊಡದೆ ಇರುವುದನ್ನು ತೆಗೆದುಕೊಳ್ಳುವುದು ಚೌರ್ಯವೆಂದು ಶಾಸ್ತ್ರ ಹೇಳುವಾಗ ವಸ್ತುವಿನ ಬೆಲೆಯನ್ನು ಅದು ಗಣಿಸುವುದಿಲ್ಲ. ತಂದೆಗೆ ಅಧಿಕಾರವಿಲ್ಲವೆಂದಲ್ಲ, ಅಧಿಕಾರವನ್ನು ಮರೆಯಲ್ಲಿ ನಡೆಸಿದರೆ ಮಗು ಕಲಿಯುವುದು ತ್ಯಾಗವನ್ನಲ್ಲ, ಬಚ್ಚಿಡುವುದನ್ನು. ಅಜ್ಜನ ಕೇಳಿ ಮುಗಿದ ಪ್ರವಚನಗಳು, ತಾಯಿಯ ಒಂದೇ ದೃಶ್ಯದ ಇಪ್ಪತ್ತು ಚಿತ್ರಗಳು ಹಾಗೆಯೇ ಉಳಿದು, ಮಗುವಿನ ಆಟಗಳು ಮಾತ್ರ ಹೋದರೆ ಅದು ಸಂಯಮವೂ ಅಲ್ಲ, ನ್ಯಾಯವೂ ಅಲ್ಲ. ಎಲ್ಲರೂ ಒಟ್ಟಿಗೆ ಕುಳಿತು, ಯಾವುದು ಎಷ್ಟು ಸ್ಥಳ ಹಿಡಿದಿದೆಯೆಂದು ಸೆಟ್ಟಿಂಗ್ಸ್‌ನಲ್ಲಿ ನೋಡಿ, ಹಿರಿಯರು ಮೊದಲು ತಮ್ಮದನ್ನು ಬಿಡುವುದು ಉತ್ತಮ ಕ್ರಮ.

ಬಸದಿಗಳ ಆಡಳಿತ ಮಂಡಳಿಗಳಿಗೂ ಈ ಮಾತು ಅನ್ವಯಿಸುತ್ತದೆ. ಕಾಣಿಕೆಯ ರಶೀದಿಗೂ ಲೆಕ್ಕಕ್ಕೂ ಟ್ರಸ್ಟಿನ ಹಣದಿಂದ ಕೊಂಡ ಟ್ಯಾಬ್ಲೆಟ್ ದೇವದ್ರವ್ಯ. ಅದರಲ್ಲಿ ಯಾರದೋ ವಿನೋದದ ಆಟಗಳು ತುಂಬಿ ಲೆಕ್ಕದ ಕಡತಕ್ಕೆ ಸ್ಥಳವಿಲ್ಲದಂತಾದರೆ, ದೇವರ ಉಗ್ರಾಣದಲ್ಲಿ ಮನೆಯ ಸಾಮಾನನ್ನಿಟ್ಟ ದೋಷವೇ ಬರುತ್ತದೆ.

ಇಷ್ಟೆಲ್ಲ ವಿಚಾರಿಸಿದ ಮೇಲೆ ಮೊದಲಿನ ಪ್ರಶ್ನೆಗೆ ಬರಬಹುದು. ಉಮಾಸ್ವಾಮಿಗಳು ತತ್ತ್ವಾರ್ಥಸೂತ್ರದಲ್ಲಿ ಪರಿಗ್ರಹವೆಂದರೆ ಮೂರ್ಛೆ, ಅಂದರೆ ಮಮತ್ವ, ಎಂದಿದ್ದಾರೆ. ವಸ್ತು ಹೋದರೂ ಮಮತ್ವ ಉಳಿದರೆ ಪರಿಗ್ರಹ ಹೋಗಲಿಲ್ಲ. ಸ್ಥಳ ಸಾಲದೆ ಒಂದು ಆಟವನ್ನು ತೆಗೆದು, ತೆರವಾದ ಸ್ಥಳದಲ್ಲಿ ಸಂಜೆಯೊಳಗೆ ಎರಡು ಹೊಸ ಆಟಗಳನ್ನು ಇಳಿಸಿಕೊಂಡರೆ ನಡೆದದ್ದು ದಾಸ್ತಾನಿನ ಬದಲಾವಣೆ ಮಾತ್ರ. ಅದನ್ನು ವ್ರತವಾಗಿಸುವ ದಾರಿಯನ್ನು ಸಮಂತಭದ್ರಾಚಾರ್ಯರು ರತ್ನಕರಂಡಕ ಶ್ರಾವಕಾಚಾರದಲ್ಲಿ ತೋರಿಸಿದ್ದಾರೆ. ಭೋಗೋಪಭೋಗಗಳ ತ್ಯಾಗದಲ್ಲಿ ಜೀವಾವಧಿಯದು ಯಮ, ಕಾಲಮಿತಿಯದು ನಿಯಮ. ಜೂಜಿನ ಆಟಕ್ಕೆ ಯಮ ಸಲ್ಲುತ್ತದೆ. ಮಗುವಿನ ವಿನೋದದ ಆಟಕ್ಕೆ ನಿಯಮ ಸಾಕು: ಪರೀಕ್ಷೆ ಮುಗಿಯುವವರೆಗೆ, ಚಾತುರ್ಮಾಸ ಕಳೆಯುವವರೆಗೆ, ಇಲ್ಲವೇ ಏಕಕಾಲಕ್ಕೆ ಎರಡು ಆಟಗಳಿಗಿಂತ ಹೆಚ್ಚಿಲ್ಲವೆಂಬ ಸಂಖ್ಯೆಯ ಎಲ್ಲೆ. ಯಂತ್ರವು ಹೇರಿದ ಮಿತಿ ಅಸಹಾಯಕತೆ. ಯಂತ್ರದಲ್ಲಿ ಇನ್ನೂ ಸ್ಥಳವಿರುವಾಗಲೇ ತಾನಾಗಿ ಹಾಕಿಕೊಂಡ ಮಿತಿ ವ್ರತ.

ತೆಗೆಯುವಷ್ಟೇ ವಿವೇಕ ಉಳಿಸುವುದರಲ್ಲಿಯೂ ಬೇಕು. ವಾಮಂಜೂರಿನ ಅದೇ ಹೆದ್ದಾರಿ ತಲುಪಿಸುವ ಮೂಡುಬಿದಿರೆಯಲ್ಲಿ ಧವಲಾದಿ ಸಿದ್ಧಾಂತ ಗ್ರಂಥಗಳ ತಾಳೆಯೋಲೆಗಳು ಶತಮಾನಗಳ ಕಾಲ ಉಳಿದು ಬಂದವು. ಅವುಗಳಿಂದ ಪ್ರತಿಗಳಾದುದರಿಂದಲೇ 1939ರಿಂದ ಹೀರಾಲಾಲ ಜೈನರ ಸಂಪಾದಕತ್ವದಲ್ಲಿ ಧವಲಾ ಟೀಕೆ ಹದಿನಾರು ಸಂಪುಟಗಳಾಗಿ ಅಚ್ಚಾಗಿ ಲೋಕಕ್ಕೆ ದೊರೆಯಿತು. ಹತ್ತನೆಯ ಶತಮಾನದ ಅತ್ತಿಮಬ್ಬೆ ಪೊನ್ನನ ‘ಶಾಂತಿಪುರಾಣ’ದ ಸಾವಿರ ಪ್ರತಿಗಳನ್ನು ಮಾಡಿಸಿ ಹಂಚಿದಳು. ಉಳಿಯಬೇಕಾದದ್ದು ಒಂದೇ ಪೆಟ್ಟಿಗೆಯಲ್ಲಿರಬಾರದು ಎಂಬುದು ಈ ಪರಂಪರೆಯ ಪಾಠ. ಹಿರಿಯರ ಧ್ವನಿ, ಬಸದಿಯ ದಾಖಲೆ, ಮನೆತನದ ಚಿತ್ರಗಳನ್ನು ಪೆನ್ ಡ್ರೈವಿಗೋ ಕಂಪ್ಯೂಟರಿಗೋ ನಕಲು ಮಾಡಿ, ನಕಲು ತೆರೆಯುವುದೆಂದು ಖಚಿತಪಡಿಸಿಕೊಂಡ ಮೇಲೆಯೇ ಟ್ಯಾಬ್ಲೆಟ್ಟಿನಿಂದ ತೆಗೆಯಬೇಕು.

ವ್ಯಾಪಾರಿಯು ವರ್ಷಕ್ಕೊಮ್ಮೆ ದಾಸ್ತಾನು ತಪಾಸಣೆ ಮಾಡುತ್ತಾನೆ. ಭಾದ್ರಪದದ ದಶಲಕ್ಷಣ ಪರ್ವದಲ್ಲಿ ಎಂಟನೆಯದು ಉತ್ತಮ ತ್ಯಾಗ, ಒಂಬತ್ತನೆಯದು ಉತ್ತಮ ಆಕಿಂಚನ್ಯ. ಆ ಎರಡು ದಿನಗಳಲ್ಲಿ ಬಸದಿಯಿಂದ ಬಂದ ಮೇಲೆ ಮನೆಮಂದಿ ಒಂದು ಗಳಿಗೆ ಕುಳಿತು ತಮ್ಮ ತಮ್ಮ ಉಪಕರಣಗಳನ್ನು ತೆರೆದು ನೋಡಲಿ. ಬೇಡವಾದದ್ದನ್ನು ಬಿಡಲಿ, ಎಲ್ಲೆಯನ್ನು ನಿಶ್ಚಯಿಸಲಿ, ತೆರವಾದ ಸ್ಥಳದಲ್ಲಿ ಸ್ವಲ್ಪವನ್ನಾದರೂ ತೆರವಾಗಿಯೇ ಇರಗೊಡಲಿ. ಮಕ್ಕಳು ಅಣುವ್ರತವೆಂಬ ಹೆಸರನ್ನು ಕಲಿಯುವ ಮೊದಲೇ ಅದರ ಆಚರಣೆಯನ್ನು ಹಿರಿಯರ ಕೈಯಿಂದಲೇ ಕಲಿಯುವಂತಾಗಲಿ.