ನೇಣಿನ ಕಥೆಗಳಲ್ಲಿ ಸತ್ತವರು ಎಲ್ಲಿ?

ವಿಕ್ಟರ್ ಹ್ಯೂಗೋ 1829ರಲ್ಲಿ ಮರಣದಂಡನೆಯ ಕುರಿತು ಒಂದು ಚಿಕ್ಕ ಕಾದಂಬರಿ ಪ್ರಕಟಿಸಿದ. ಮೊದಲ ಮುದ್ರಣದಲ್ಲಿ ಲೇಖಕನ ಹೆಸರೇ ಇರಲಿಲ್ಲ. ಗಿಲೊಟಿನ್‌ಗೆ ತಲೆಯೊಡ್ಡಬೇಕಾದ ಕೈದಿಯೊಬ್ಬ ತನ್ನ ಕೊನೆಯ ದಿನಗಳನ್ನು ತಾನೇ ಬರೆದಿಡುತ್ತಾ ಹೋಗುವ ಕಥೆ ಅದು. ಅದರ ಕೊನೆಯ ಭಾಗದಲ್ಲಿ ‘ನನ್ನ ಕಥೆ’ ಎಂಬ ಅಧ್ಯಾಯವೊಂದಿದೆ. ಆದರೆ ಅಲ್ಲಿ ಕಥೆಯಿಲ್ಲ. ಈ ಹಾಳೆಗಳು ಸಿಕ್ಕಿಲ್ಲ, ಬರೆಯಲು ಅವನಿಗೆ ಹೊತ್ತು ಸಾಲಲಿಲ್ಲವೋ ಏನೋ ಎಂಬರ್ಥದ ಪ್ರಕಾಶಕರ ಟಿಪ್ಪಣಿಯಷ್ಟೇ ಇದೆ. ಅವನು ರಕ್ತ ಹರಿಸಿದವನು ಎಂಬುದು ತಿಳಿಯುತ್ತದೆ. ಯಾರ ರಕ್ತ, ಯಾಕೆ ಎಂಬುದು ಕೊನೆಗೂ ತಿಳಿಯುವುದಿಲ್ಲ.

ಜಾರ್ಜ್ ಆರ್ವೆಲ್ 1931ರಲ್ಲಿ ಬರೆದ, ಬರ್ಮಾದ ಜೈಲಿನಲ್ಲಿ ನಡೆಯುವ ನೇಣಿನ ಪ್ರಬಂಧದಲ್ಲೂ ಹೀಗೆಯೇ. ನೇಣುಗಂಬದತ್ತ ನಡೆಯುತ್ತಿರುವ ಕೈದಿ ದಾರಿಯಲ್ಲಿದ್ದ ಸಣ್ಣ ನೀರಿನ ಗುಂಡಿಯನ್ನು ತಪ್ಪಿಸಲು ತುಸು ಪಕ್ಕಕ್ಕೆ ಸರಿಯುತ್ತಾನೆ. ಇನ್ನು ಕೆಲವೇ ನಿಮಿಷಗಳಲ್ಲಿ ಸಾಯುವವನು ಕಾಲು ಒದ್ದೆಯಾಗದಂತೆ ನೋಡಿಕೊಳ್ಳುತ್ತಾನೆ! ಆ ಕ್ಷಣದಲ್ಲಿ ನಿರೂಪಕನಿಗೆ, ಅವನೊಡನೆ ನಮಗೂ, ಆರೋಗ್ಯವಂತ ಮನುಷ್ಯನೊಬ್ಬನನ್ನು ಕೊಲ್ಲುವುದೆಂದರೆ ಏನೆಂದು ಹೊಳೆಯುತ್ತದೆ. ಅವನು ಮಾಡಿದ ಅಪರಾಧವೇನು? ಪ್ರಬಂಧ ಅದರ ಸುದ್ದಿಯನ್ನೇ ಎತ್ತುವುದಿಲ್ಲ.

ಸಾಹಿತ್ಯದಲ್ಲಿ ಮರಣದಂಡನೆ ಎಂಬ ವಿಷಯ ಹಿಡಿದು ಓದಲು ಕೂತಾಗ ಇವೆರಡೂ ನನ್ನ ಪಟ್ಟಿಯ ಮೊದಲ ಸಾಲಿನಲ್ಲಿದ್ದವು. ವಿಭಾಗದ ಓದಿನ ಗುಂಪಿನಲ್ಲಿ ಆರ್ವೆಲ್‌ನ ಪ್ರಬಂಧದ ಬಗ್ಗೆ ಮಾತಾಡಿದ ದಿನ ಎಂ.ಎ. ಓದುವ ಹುಡುಗಿಯೊಬ್ಬಳು ಕೇಳಿದ ಪ್ರಶ್ನೆ ಮಾತ್ರ ಈ ಓದನ್ನೇ ಬೇರೆ ದಿಕ್ಕಿಗೆ ತಿರುಗಿಸಿತು. “ಇವನು ಯಾರನ್ನ ಕೊಂದಿದ್ದ? ಅದನ್ನ ಹೇಳಿಬಿಟ್ಟಿದ್ರೆ ನಮಗೆ ಇಷ್ಟೇ ಕನಿಕರ ಬರ್ತಿತ್ತಾ? ಸತ್ತವರ ಕಥೆ ಯಾರು ಬರೀತಾರೆ?”

ಇದನ್ನು ಪ್ರತೀಕಾರದ ಮಾತೆಂದು ತಳ್ಳಿಹಾಕುವುದು ಸುಲಭ. ನಾನು ಹಾಗೆ ತಿಳಿಯುವುದಿಲ್ಲ. ಸಾಹಿತ್ಯದ ಕರುಣೆಯ ಪ್ರಾಮಾಣಿಕತೆಯನ್ನೇ ಅದು ಕೆಣಕುತ್ತದೆ. ಅಪರಾಧವನ್ನು ಮರೆಮಾಡಿ ಗಳಿಸಿದ ಕರುಣೆ, ಅಪರಾಧ ಗೊತ್ತಾದ ಮೇಲೂ ಉಳಿಯದಿದ್ದರೆ ಅದಕ್ಕೆ ಬೆಲೆಯೇನು? ಹ್ಯೂಗೋಗೆ ಒಂದು ಸಮಜಾಯಿಷಿ ಇತ್ತು. ಒಬ್ಬ ನಿರ್ದಿಷ್ಟ ಕೈದಿಯ ಪರವಾಗಿ ಅಲ್ಲ, ಎಲ್ಲ ಕೈದಿಗಳ ಪರವಾಗಿ ವಾದಿಸುತ್ತಿದ್ದೇನೆ, ಆದ್ದರಿಂದಲೇ ವಿವರಗಳನ್ನು ಕಳಚಿದ್ದೇನೆ ಎಂದು 1832ರ ಮುನ್ನುಡಿಯಲ್ಲಿ ಅವನು ಹೇಳಿಕೊಂಡ. ವಾದಕ್ಕೆ ಅದು ಸಾಕು. ಆದರೆ ಆ ಕಳೆದುಹೋದ ಹಾಳೆಗಳಲ್ಲಿ ಇನ್ನೊಬ್ಬ ಮನುಷ್ಯ ಇದ್ದ ಅಥವಾ ಇದ್ದಳು ಎಂಬುದು ಸುಳ್ಳಾಗುವುದಿಲ್ಲ.

ನಮ್ಮದೇ ಪರಂಪರೆಯಲ್ಲಿ ವಧಾಸ್ಥಾನದ ಕಥೆಗಳು ಕಡಿಮೆಯೇನಿಲ್ಲ. ರಾಘವಾಂಕನ ಹರಿಶ್ಚಂದ್ರನಿಗೆ ಎದುರಾಗುವ ಕೊನೆಯ ಪರೀಕ್ಷೆ ಒಂದು ಮರಣದಂಡನೆಯೇ. ಕಾಶಿಯ ಅರಸನ ಮಗುವನ್ನು ಕೊಂದಳೆಂಬ ಆರೋಪ ಹೊತ್ತ ಚಂದ್ರಮತಿಯ ತಲೆ ಕಡಿಯುವ ಕೆಲಸ, ಸುಡುಗಾಡು ಕಾಯುವ ಅವಳ ಗಂಡನಿಗೇ ಬೀಳುತ್ತದೆ. ಕತ್ತಿ ಎತ್ತಿದ ಹೊತ್ತಿಗೆ ವಿಶ್ವನಾಥ ಪ್ರತ್ಯಕ್ಷನಾಗುತ್ತಾನೆ. ಶೂದ್ರಕನ ‘ಮೃಚ್ಛಕಟಿಕ’ದಲ್ಲಿ ವಸಂತಸೇನೆಯನ್ನು ಒಡವೆಗಾಗಿ ಕೊಂದನೆಂದು ಚಾರುದತ್ತನಿಗೆ ಶಿಕ್ಷೆಯಾಗುತ್ತದೆ. ಅಲ್ಲಿಯೂ ಕತ್ತಿ ಮೇಲೆದ್ದ ಮೇಲೆ ವಸಂತಸೇನೆಯೇ ಜೀವಂತ ಬಂದು ನಿಲ್ಲುತ್ತಾಳೆ. ಇಬ್ಬರೂ ನಿರಪರಾಧಿಗಳು. ಇಬ್ಬರನ್ನೂ ಉಳಿಸಲು ಯಾರೋ ಬರುತ್ತಾರೆ.

ಜನಪದ ಮತ್ತು ಹೊಸಗನ್ನಡ ಇನ್ನೊಂದು ಬಗೆಯ ಕೊರಳನ್ನು ತೋರಿಸಿದವು. 1831ರಲ್ಲಿ ನಂದಗಡದಲ್ಲಿ ಗಲ್ಲಿಗೇರಿದ ಸಂಗೊಳ್ಳಿ ರಾಯಣ್ಣನನ್ನು ಲಾವಣಿಗಳು ಇಂದಿಗೂ ಹಾಡುತ್ತವೆ. ಅವನನ್ನು ನೇಣಿಗೇರಿಸಿದರೆಂದು ನಂಬುವ ಆಲದ ಮರಕ್ಕೆ ಜನ ಮಕ್ಕಳ ಭಾಗ್ಯ ಬೇಡಿ ತೊಟ್ಟಿಲು ಕಟ್ಟುತ್ತಾರೆ. ನಿರಂಜನರ ‘ಚಿರಸ್ಮರಣೆ’ ಕಯ್ಯೂರಿನ ರೈತ ಹೋರಾಟದ ಕಾದಂಬರಿ. ಅಲ್ಲಿನ ನಾಲ್ವರು ತರುಣರನ್ನು 1943ರ ಮಾರ್ಚ್ 29ರಂದು ಕಣ್ಣೂರು ಜೈಲಿನಲ್ಲಿ ಗಲ್ಲಿಗೇರಿಸಲಾಯಿತು. ಮೆರವಣಿಗೆಗೆ ಅಡ್ಡ ಬಂದ ಪೊಲೀಸನೊಬ್ಬ ನದಿಯಲ್ಲಿ ಮುಳುಗಿ ಸತ್ತದ್ದು ಆ ಮೊಕದ್ದಮೆಯ ಮೂಲ. ಈ ಕಥೆಗಳಲ್ಲಿ ನೇಣು ಸೋಲುತ್ತದೆ, ಸತ್ತವರು ಹುತಾತ್ಮರಾಗುತ್ತಾರೆ. ಅದು ನ್ಯಾಯವೂ ಹೌದು. ಆದರೆ ನದಿಯಲ್ಲಿ ಸತ್ತ ಆ ಪೊಲೀಸನ ಮನೆಯ ಬಾಗಿಲ ತನಕ ನಮ್ಮ ಮನಸ್ಸು ಹೋಗುವುದಿಲ್ಲ.

ನಿರಪರಾಧಿ ಮತ್ತು ವೀರ, ಈ ಎರಡೂ ಕೊರಳುಗಳಿಗಾಗಿ ಮರುಗಲು ಕಷ್ಟವಿಲ್ಲ. ಹುಡುಗಿಯ ಪ್ರಶ್ನೆ ಮೂರನೆಯವನ ಬಗ್ಗೆ. ನಿಜವಾಗಿಯೂ ಕೊಂದವನು, ಯಾವ ದೊಡ್ಡ ಕಾರಣಕ್ಕೂ ಅಲ್ಲದೆ ಕೊಂದವನು, ಯಾರೂ ಲಾವಣಿ ಕಟ್ಟದವನು.

ಅವನನ್ನು ಎದುರಿಗೆ ನಿಲ್ಲಿಸಿದ ಪುಸ್ತಕವೆಂದರೆ ಟ್ರೂಮನ್ ಕಪೋಟಿಯ ‘ಇನ್ ಕೋಲ್ಡ್ ಬ್ಲಡ್’. 1959ರ ನವೆಂಬರ್‌ನಲ್ಲಿ ಅಮೆರಿಕದ ಕಾನ್ಸಸ್ ರಾಜ್ಯದ ಹಳ್ಳಿಯೊಂದರಲ್ಲಿ ಅಪ್ಪ, ಅಮ್ಮ, ಹದಿಹರೆಯದ ಮಗಳು ಮತ್ತು ಮಗ, ಒಂದೇ ಮನೆಯ ನಾಲ್ವರನ್ನು ಇಬ್ಬರು ಕೊಂದರು. ಆ ಮನೆಯಲ್ಲಿ ಅವರಿಗೆ ಸಿಕ್ಕ ಹಣ ಐವತ್ತು ಡಾಲರನ್ನೂ ಮೀರಲಿಲ್ಲ. 1965ರ ಏಪ್ರಿಲ್‌ನಲ್ಲಿ ಇಬ್ಬರನ್ನೂ ಗಲ್ಲಿಗೇರಿಸಿದರು. ಕಪೋಟಿ ಹ್ಯೂಗೋನ ದಾರಿ ಹಿಡಿಯಲಿಲ್ಲ. ಮೊದಲ ಭಾಗದಲ್ಲಿ ಆ ಮನೆಯವರ ಕೊನೆಯ ದಿನವನ್ನು ನಿಧಾನವಾಗಿ, ಯಾವ ಅವಸರವೂ ಇಲ್ಲದೆ ಬಿಡಿಸಿಡುತ್ತಾನೆ. ಮಗಳು ನೆರೆಯ ಪುಟ್ಟ ಹುಡುಗಿಗೆ ಚೆರ್ರಿ ಹಣ್ಣಿನ ಪೈ ಮಾಡುವುದನ್ನು ಕಲಿಸುತ್ತಾಳೆ. ಆಮೇಲೆ ನೂರಾರು ಪುಟ ಕೊಲೆಗಾರರ ಜೊತೆಗಿನ ಪ್ರಯಾಣ. ಅವರಲ್ಲೊಬ್ಬನ ಒಡೆದ ಬಾಲ್ಯ, ಅವನ ಕನಸುಗಳು, ಗಿಟಾರು. ಅವನು ನಮಗೆ ಹತ್ತಿರವಾಗುತ್ತಾನೆ. ಆದರೆ ಅಡುಗೆಮನೆಯಲ್ಲಿ ನಿಂತಿದ್ದ ಹುಡುಗಿಯೂ ಮನಸ್ಸಿನಿಂದ ಹೋಗುವುದಿಲ್ಲ. ಹಗ್ಗ ಬಿಗಿಯುವಾಗ ಸಮಾಧಾನವೂ ಆಗುವುದಿಲ್ಲ, ಬಿಡುಗಡೆ ಬೇಕೆಂದೂ ಅನಿಸುವುದಿಲ್ಲ. ಕರುಣೆಗೂ ಸಿಟ್ಟಿಗೂ ಒಂದೇ ಎದೆಯಲ್ಲಿ ಜಾಗ ಮಾಡಿಕೊಡಬೇಕಾದ ಈ ಇಕ್ಕಟ್ಟನ್ನೇ ಮರಣದಂಡನೆಯ ಬಗ್ಗೆ ಬರೆಯುವವರಿಂದ ನಾನು ಬಯಸುವುದು.

ಇದೇ ಇಕ್ಕಟ್ಟನ್ನು ಆಲ್ಬರ್ಟ್ ಕಮೂ ಇನ್ನೂ ಹತ್ತಿರದಿಂದ ತೋರಿಸಿದ. ಗಿಲೊಟಿನ್ ಕುರಿತ ಅವನ ದೀರ್ಘ ಪ್ರಬಂಧ ಬಂದದ್ದು 1957ರಲ್ಲಿ, ಅವನಿಗೆ ನೊಬೆಲ್ ಬಂದ ವರ್ಷವೇ. ಅದು ಶುರುವಾಗುವುದು ಅಪ್ಪನ ಕಥೆಯಿಂದ. 1914ರ ಯುದ್ಧಕ್ಕೆ ತುಸು ಮುಂಚೆ ಅಲ್ಜೀರಿಯಾದಲ್ಲಿ ಒಬ್ಬ, ರೈತ ಕುಟುಂಬವೊಂದನ್ನು ಮಕ್ಕಳ ಸಮೇತ ಕೊಂದಿದ್ದ. ಆ ಮಕ್ಕಳ ಸಾವು ಕಮೂವಿನ ಅಪ್ಪನನ್ನು ಕೆರಳಿಸಿತ್ತು. ತಲೆ ಕಡಿಯುವುದು ಇವನಿಗೆ ತೀರಾ ಸಣ್ಣ ಶಿಕ್ಷೆ ಎಂದುಕೊಂಡು, ಅದನ್ನು ಕಣ್ಣಾರೆ ನೋಡಬೇಕೆಂದೇ ನಸುಕಿನಲ್ಲಿ ಎದ್ದು ಹೋದ. ಮರಳಿ ಬಂದವನು ಯಾರೊಡನೆಯೂ ಮಾತಾಡದೆ ಮಲಗಿದ, ಸ್ವಲ್ಪ ಹೊತ್ತಿಗೆ ವಾಂತಿ ಮಾಡಿಕೊಂಡ.

ಗಮನಿಸಬೇಕಾದ್ದೆಂದರೆ ಕಮೂ ಇಲ್ಲಿ ಕೊಲೆಯಾದ ಮಕ್ಕಳನ್ನು ಮುಚ್ಚಿಡುವುದಿಲ್ಲ. ಅಪ್ಪ ಆ ಮಕ್ಕಳ ಪರವಾಗಿಯೇ ಹೋದವನು. ಆದರೆ ಅಲ್ಲಿ ಕಂಡದ್ದು ಮಕ್ಕಳ ನೆನಪನ್ನೇ ಅವನಿಂದ ಕಿತ್ತುಕೊಂಡಿತು, ಅವನ ಕಣ್ಣಲ್ಲಿ ಉಳಿದದ್ದು ಹಲಗೆಗೆ ಕಟ್ಟಿದ ಒಂದು ದೇಹ. ಈ ಕಥೆಯನ್ನು ಎಷ್ಟೋ ಸಲ ಓದಿದ ಮೇಲೆ ನನಗೆ ಹೊಳೆದದ್ದು ಇಷ್ಟು: ಸತ್ತವರಿಗಾಗಿ ಎಂದು ನಡೆಸುವ ವಧೆ ಸತ್ತವರನ್ನು ಇನ್ನೊಮ್ಮೆ ಮರೆಸುತ್ತದೆ. ಅಂದಿನಿಂದ ಎಲ್ಲರೂ ಮಾತಾಡುವುದು ಕೊಂದವನ ಬಗ್ಗೆಯೇ. ಅವನ ಕೊನೆಯ ಊಟ, ಕೊನೆಯ ಮಾತು, ಹಗ್ಗದ ಉದ್ದ, ಅವನ ತೂಕ.

ಮಲಯಾಳಂನ ಕೆ.ಆರ್. ಮೀರಾ ಅವರ ‘ಆರಾಚಾರ್’ ಕಾದಂಬರಿಯಲ್ಲಿ ಇದು ನಮ್ಮ ಕಾಲದ ರೂಪ ತಾಳುತ್ತದೆ. ಕೋಲ್ಕತ್ತದ ನೇಣುಗಾರರ ವಂಶದ ತರುಣಿ ಚೇತನಾಳಿಗೆ ಹಗ್ಗ ಹಿಡಿಯುವ ಕೆಲಸ ಬರುತ್ತದೆ. ಟಿ.ವಿ. ವಾಹಿನಿ ಅವಳನ್ನೇ ಒಂದು ಕಾರ್ಯಕ್ರಮವಾಗಿಸುತ್ತದೆ. ಕ್ಯಾಮೆರಾ, ಜಾಹೀರಾತು, ದಿನಗಳ ಲೆಕ್ಕ. ಇಷ್ಟೆಲ್ಲದರ ನಡುವೆ ನ್ಯಾಯ ಯಾರಿಗಾಗಿ ಎಂದು ಕೇಳುವವರೇ ಇಲ್ಲ.

ನೇಣು ಹಾಕುವವನ ಮಾತು ಬಂದಾಗ ನನಗೆ ಮತ್ತೆ ‘ಮೃಚ್ಛಕಟಿಕ’ವೇ ನೆನಪಾಗುತ್ತದೆ. ಚಾರುದತ್ತನನ್ನು ಕರೆದೊಯ್ಯುವ ಇಬ್ಬರು ಚಾಂಡಾಲರು ಇವತ್ತು ಯಾರ ಸರದಿ ಎಂದು ಚರ್ಚೆ ಮಾಡುತ್ತಾರೆ. ಸರದಿ ಬಂದವನು ತಡ ಮಾಡುತ್ತಾನೆ. ಯಾಕೆಂದರೆ ಸಾಯುವಾಗ ಅವನ ಅಪ್ಪ ಹೇಳಿಹೋಗಿದ್ದಾನೆ, ನಿನ್ನ ಸರದಿ ಬಂದಾಗ ಅವಸರಪಡಬೇಡ ಎಂದು. ಯಾರಾದರೂ ಪುಣ್ಯಾತ್ಮ ಹಣ ಕೊಟ್ಟು ಬಿಡಿಸಬಹುದು, ಅರಸನಿಗೆ ಮಗ ಹುಟ್ಟಿ ಎಲ್ಲ ಕೈದಿಗಳ ಬಿಡುಗಡೆಯಾಗಬಹುದು, ಆನೆ ಕಟ್ಟು ಕಿತ್ತುಕೊಂಡು ಗದ್ದಲವೆದ್ದು ಕೈದಿ ತಪ್ಪಿಸಿಕೊಳ್ಳಬಹುದು, ಅರಸನೇ ಬದಲಾಗಬಹುದು. ಕ್ಷಮಾದಾನ, ಮೇಲ್ಮನವಿ, ಮರುಪರಿಶೀಲನೆ ಎಂದು ನಾವಿಂದು ಕರೆಯುವುದರ ತಿರುಳನ್ನು ಸಮಾಜ ಹೊರಗಿಟ್ಟ ಒಬ್ಬ ಮನುಷ್ಯ ಇಷ್ಟರಲ್ಲೇ ಹೇಳಿ ಮುಗಿಸಿದ್ದಾನೆ. ಕೊಂದ ಮೇಲೆ ತಿದ್ದಲಾಗದು, ಆದ್ದರಿಂದ ತಡ ಮಾಡು.

ಆದರೆ ಇಂದು ಆ ತಡವೇ ಇನ್ನೊಂದು ಶಿಕ್ಷೆಯಾಗಿದೆ. ಬೆಂಗಳೂರಿನಲ್ಲಿ 1998ರಲ್ಲಿ ನಡೆದ ಅತ್ಯಾಚಾರ ಮತ್ತು ಕೊಲೆಯ ಪ್ರಕರಣವೊಂದರಲ್ಲಿ ಗಲ್ಲುಶಿಕ್ಷೆಯಾದ ಕೈದಿಯನ್ನು ಬೆಳಗಾವಿಯ ಜೈಲಿನಲ್ಲಿ ಸುಮಾರು ಹತ್ತು ವರ್ಷ ಏಕಾಂತ ಸೆರೆಯಲ್ಲಿಟ್ಟಿದ್ದರು. ಹೀಗೆ ಇಡುವುದು ಕಾನೂನಿಗೆ ವಿರುದ್ಧವೆಂದು 2022ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಹೇಳಿ, ಗಲ್ಲನ್ನು ಕನಿಷ್ಠ 30 ವರ್ಷಗಳ ಸೆರೆಗೆ ಇಳಿಸಿತು. ಕೊಲೆಗಾರ ಯಾವತ್ತೂ ತನ್ನ ಬಲಿಗೆ ದಿನ ಗೊತ್ತುಮಾಡಿ, ತಿಂಗಳುಗಟ್ಟಲೆ ಕೂಡಿಹಾಕಿ, ಆಮೇಲೆ ಕೊಲ್ಲುವುದಿಲ್ಲ ಎಂಬುದು ಕಮೂವಿನ ವಾದ. ಪ್ರಭುತ್ವದ ಕೊಲೆಗೂ ಅಪರಾಧಿಯ ಕೊಲೆಗೂ ಲೆಕ್ಕ ಸರಿಹೋಗುವುದಿಲ್ಲ ಎನ್ನಲು ಅವನು ಕೊಟ್ಟ ಕಾರಣ ಇದು. ಬೆಳಗಾವಿಯ ಆ ಹತ್ತು ವರ್ಷ ಓದಿದಾಗ ಅದು ಬರೀ ವಾದವಾಗಿ ಉಳಿಯಲಿಲ್ಲ.

ನಮ್ಮ ಕಾನೂನಿಗೆ ಈ ಮುಜುಗರ ಗೊತ್ತಿದೆ. 1955ರವರೆಗೆ ಕೊಲೆಗೆ ಗಲ್ಲು ಕೊಡದಿದ್ದರೆ ನ್ಯಾಯಾಧೀಶರು ಕಾರಣ ಬರೆಯಬೇಕಿತ್ತು. 1973ರ ದಂಡ ಪ್ರಕ್ರಿಯಾ ಸಂಹಿತೆಯ ಹೊತ್ತಿಗೆ ಅದು ತಿರುವುಮುರುವಾಯಿತು, ಗಲ್ಲು ಕೊಡುವುದಾದರೆ ವಿಶೇಷ ಕಾರಣ ಬರೆಯಬೇಕು. 1980ರ ಬಚನ್ ಸಿಂಗ್ ತೀರ್ಪು ‘ಅಪರೂಪದಲ್ಲಿ ಅಪರೂಪ’ದ ಪ್ರಕರಣಕ್ಕೆ ಮಾತ್ರ ಗಲ್ಲು ಎಂದಿತು. ಅಪರಾಧವನ್ನಷ್ಟೇ ಅಲ್ಲ, ಅಪರಾಧಿಯನ್ನೂ ನೋಡಬೇಕೆಂದಿತು. ಐವರಲ್ಲಿ ನ್ಯಾಯಮೂರ್ತಿ ಪಿ.ಎನ್. ಭಗವತಿ ಒಬ್ಬರೇ ಭಿನ್ನಮತ ಬರೆದರು. 2022ರ ಮೇ ತಿಂಗಳ ಇನ್ನೊಂದು ತೀರ್ಪು ಅಪರಾಧಿಯ ಬಾಲ್ಯ, ಮನಸ್ಸು, ಜೈಲಿನ ನಡತೆ ಎಲ್ಲದರ ವರದಿ ತರಿಸಿಕೊಳ್ಳಬೇಕೆಂದಿತು. ಅಂದರೆ ಕೋರ್ಟು ಈಗ ಕಾದಂಬರಿಕಾರರ ಕೆಲಸವನ್ನು ಕೇಳುತ್ತಿದೆ. ಹ್ಯೂಗೋ ಕಳೆದುಬಿಟ್ಟ ‘ನನ್ನ ಕಥೆ’ಯನ್ನು ಬರೆದು ತನ್ನಿ ಎನ್ನುತ್ತಿದೆ.

ಹಾಗಿದ್ದರೂ ಹುಡುಗಿಯ ಪ್ರಶ್ನೆ ಉಳಿಯಿತಲ್ಲ. ಕೋರ್ಟಿನಲ್ಲಾದರೂ ಸತ್ತವರ ಕಥೆ ಇದೆಯೇ? ಇಂಥ ತೀರ್ಪುಗಳನ್ನು ಓದಿದವರಿಗೆ ಗೊತ್ತು, ಸತ್ತವರು ಅಲ್ಲಿ ಬರುವುದು ಹೆಚ್ಚಾಗಿ ಶವಪರೀಕ್ಷೆಯ ವರದಿಯಾಗಿ. ಗಾಯಗಳ ಸಂಖ್ಯೆ, ಅಳತೆ, ಸಾವಿನ ಅಂದಾಜು ಸಮಯ. ಅವಳಿಗೆ ಯಾವ ಹಾಡು ಇಷ್ಟವಿತ್ತು, ನಾಳೆ ಏನು ಮಾಡಬೇಕೆಂದಿದ್ದಳು ಎಂಬುದು ಸಾಕ್ಷ್ಯವಲ್ಲ. 2020ರ ಮಾರ್ಚ್ 20ರ ಬೆಳಗಿನ ಜಾವ ತಿಹಾರ್ ಜೈಲಿನಲ್ಲಿ ನಾಲ್ವರನ್ನು ಗಲ್ಲಿಗೇರಿಸಿದಾಗ ಹೊರಗೆ ನೆರೆದವರು ಸಿಹಿ ಹಂಚಿದರು. ಆ ಸಿಟ್ಟಿನ ಹಿಂದಿದ್ದ ನೋವನ್ನು ನಾನು ಹಗುರ ಮಾಡಲಾರೆ. ಆದರೆ ನಾವು ನಿಜ ಹೆಸರಿನಿಂದಲ್ಲ, ಕೊಟ್ಟ ಹೆಸರಿನಿಂದ ಮಾತ್ರ ಬಲ್ಲ ಆ ವಿದ್ಯಾರ್ಥಿನಿಯ ಬದುಕಿನ ಬಗ್ಗೆ ಅಂದು ಬೆಳಿಗ್ಗೆ ನಮಗೆ ಹೊಸದಾಗಿ ಏನಾದರೂ ತಿಳಿಯಿತೇ? ತಿಳಿದದ್ದು ನಾಲ್ವರ ಕೊನೆಯ ರಾತ್ರಿಯ ವಿವರ.

‘ಮೃಚ್ಛಕಟಿಕ’ದ ಕೊನೆಯಲ್ಲಿ ನಿಜವಾದ ಅಪರಾಧಿ ಶಕಾರ ಸಿಕ್ಕಿಬೀಳುತ್ತಾನೆ. ಕೊಲ್ಲಿ ಎಂದು ಸುತ್ತಲಿನವರು ಕೂಗುತ್ತಾರೆ. ಕಾಲಿಗೆ ಬಿದ್ದ ಅವನನ್ನು ಚಾರುದತ್ತ ಬಿಡಿಸುತ್ತಾನೆ. ಬಹುಕಾಲ ನಾನು ಮೆಚ್ಚಿಕೊಂಡ ದೃಶ್ಯ ಅದು, ಈಗಲೂ ಮೆಚ್ಚುತ್ತೇನೆ. ಆದರೆ ಅಲ್ಲಿ ವಸಂತಸೇನೆ ಬದುಕಿ ಪಕ್ಕದಲ್ಲಿ ನಿಂತಿದ್ದಾಳೆ. ಅವಳು ಸತ್ತಿದ್ದರೆ ಕ್ಷಮಿಸುವ ಹಕ್ಕು ಯಾರದಾಗಿರುತ್ತಿತ್ತು? ಚಾರುದತ್ತನದಲ್ಲ, ಅರಸನದಲ್ಲ, ಓದುಗರಾದ ನಮ್ಮದಂತೂ ಅಲ್ಲವೇ ಅಲ್ಲ. ಹಾಗೆಂದು ಅವಳ ಹೆಸರಿನಲ್ಲಿ ಕೊಲ್ಲುವ ಹಕ್ಕೂ ಯಾರಿಗೂ ತಾನಾಗಿ ಬರುವುದಿಲ್ಲ. ಸತ್ತವರು ನಮಗೆ ಎರಡಕ್ಕೂ ಒಪ್ಪಿಗೆ ಕೊಟ್ಟಿಲ್ಲ.

ನಾನು ಗಲ್ಲುಶಿಕ್ಷೆಯನ್ನು ವಿರೋಧಿಸುತ್ತೇನೆ. ಆದರೆ ಈ ವಿರೋಧ ಕೈದಿಯ ಮೇಲಿನ ಕನಿಕರವನ್ನೇ ನೆಚ್ಚಿ ನಿಲ್ಲಬಾರದು ಎನ್ನುವುದನ್ನು ಆ ಪ್ರಶ್ನೆ ಕಲಿಸಿತು. ಕನಿಕರಕ್ಕೆ ಅರ್ಹನಲ್ಲದವನನ್ನೂ ಕೊಲ್ಲಬಾರದು ಎನ್ನುವುದು ನನ್ನ ಮಾತು. ಅದನ್ನು ಹೇಳುವ ಮೊದಲು ಅವನು ಮಾಡಿದ್ದೇನೆಂದು ಪೂರ್ತಿ ಕೇಳಿಸಿಕೊಂಡಿರಬೇಕು. ಹುಡುಗಿ ಕೇಳಿದ್ದಕ್ಕೆ ಅಂದು ಗುಂಪಿನಲ್ಲಿ ಯಾರ ಬಳಿಯೂ ಉತ್ತರವಿರಲಿಲ್ಲ. ಸತ್ತವರ ಕಥೆ ಬರೆಯುವ ಕೆಲಸ ಕೋರ್ಟಿನದಲ್ಲ, ಜೈಲಿನದೂ ಅಲ್ಲ. ಅದು ಬರೆಯುವವರ ಕೆಲಸ, ಮತ್ತು ಬಹುಪಾಲು ಇನ್ನೂ ಬಾಕಿಯಿದೆ.