ಬದುವಿನ ಮೇಲೆ ಕೂತು ಕಂಡ ಲೋಕ

ಬದು ಯಾರ ಹೊಲಕ್ಕೂ ಪೂರ್ತಿ ಸೇರದು. ಹುಲ್ಲು ಹುಲುಸಾಗಿ ಬೆಳೆಯುವುದು ಅಲ್ಲೇ, ಜಗಳ ಹುಟ್ಟುವುದೂ ಅಲ್ಲೇ. ಸಮಾಜಶಾಸ್ತ್ರಜ್ಞ ಥಾಮಸ್ ಹಾಲ್ ಸಾಮ್ರಾಜ್ಯಗಳ ಕಥೆಯನ್ನು ಇಂಥ ಬದುವಿನ ಮೇಲೆ ಕೂತು ಓದಿದರು. ಅಮೆರಿಕದ ಈಗಿನ ನ್ಯೂ ಮೆಕ್ಸಿಕೊ ಸುತ್ತಲಿನ ಒಣನಾಡು ಅದು. 1989ರ ಅವರ ಪುಸ್ತಕ ಲೆಕ್ಕ ಶುರುಮಾಡುವುದು 1350ರಿಂದ. ಸ್ಪೇನಿನವರು ಇನ್ನೂ ಆ ಕಡೆ ಸುಳಿದಿರಲಿಲ್ಲ. ಆ ಇಸವಿಯನ್ನು ಆರಿಸಿಕೊಂಡದ್ದರಲ್ಲೇ ಅವರ ನಿಲುವು ಕಾಣುತ್ತದೆ.

*

ಸಮಾಜಶಾಸ್ತ್ರಜ್ಞ ಇಮ್ಯಾನುಯೆಲ್ ವಾಲರ್‌ಸ್ಟೀನ್ 1974ರಲ್ಲಿ ಲೋಕವನ್ನು ಒಂದೇ ವ್ಯವಸ್ಥೆಯಾಗಿ ತೋರಿಸಿದರು: ನಡುವೆ ಉಣ್ಣುವವರು, ಅಂಚಿನಲ್ಲಿ ದುಡಿಯುವವರು. ನೋಟ ಸರಿಯಾದದ್ದೇ. ಆದರೆ ಅಂಚಿನವನಿಗೂ ಹೆಸರಿದೆ, ಹಟವಿದೆ.

*

ಮತ್ತೊಬ್ಬ ಸಮಾಜಶಾಸ್ತ್ರಜ್ಞ ಕ್ರಿಸ್ಟೋಫರ್ ಚೇಸ್-ಡನ್ ಜೊತೆಗೂಡಿ ಹಾಲ್ ಜನರನ್ನು ಹೆಣೆಯುವ ನಾಲ್ಕು ಬಲೆಗಳನ್ನು ಬಿಡಿಸಿಟ್ಟರು: ಕಾಳುಕಡಿಯದು, ಕಾದಾಟ-ಕೂಟದ್ದು, ಒಡವೆಯದು, ಸುದ್ದಿಯದು. ಕಾಳಿನ ಬಲೆ ಚಿಕ್ಕದು, ಒಡವೆಯದು ದೊಡ್ಡದು. ಅದೇ ಒಣನಾಡಿನ ಚಾಕೊ ಕಣಿವೆಯ ಪಾಳುಮನೆಗಳಲ್ಲಿ ದೂರದ ದಕ್ಷಿಣದ ಕೆಂಪು ಮಕಾ ಗಿಳಿಗಳ ಮೂಳೆ ಸಿಕ್ಕಿವೆ. ಕಾಳು ಹೊತ್ತು ತರಲಾಗದಷ್ಟು ದೂರದಿಂದ ಹಕ್ಕಿ ಬಂದಿತ್ತು.

*

1680ರ ಆಗಸ್ಟ್. ಸ್ಪೇನಿನ ಆಳ್ವಿಕೆಗೆ ಸಿಕ್ಕಿದ್ದ ಅಲ್ಲಿನ ಮೂಲನಿವಾಸಿ ಪ್ವೆಬ್ಲೊ ಜನರ ಊರೂರಿಗೆ ಓಟಗಾರರು ಗಂಟು ಹಾಕಿದ ಹಗ್ಗ ಒಯ್ದರು. ದಿನಕ್ಕೊಂದು ಗಂಟು ಬಿಚ್ಚಬೇಕು. ಕೊನೆಯದು ಬಿಚ್ಚಿದಾಗ ಎಲ್ಲರೂ ಸ್ಪೇನಿನವರ ಮೇಲೆ ಒಟ್ಟಿಗೆ ದಂಗೆ ಏಳಬೇಕು. ಆ ಊರುಗಳ ಮಾತು ಬೇರೆ ಬೇರೆ. ಗಂಟಿಗೆ ಭಾಷೆಯ ಹಂಗಿರಲಿಲ್ಲ. ಇಬ್ಬರು ಓಟಗಾರರು ಸಿಕ್ಕಿಬಿದ್ದರು. ಗೊತ್ತುಮಾಡಿದ ದಿನಕ್ಕೂ ಮುಂಚೆಯೇ ಏಳಬೇಕಾಯಿತು. ಎದ್ದರು, ಸ್ಪೇನಿನವರು ತಮ್ಮ ರಾಜಧಾನಿ ಸಾಂತಾ ಫೆ ಬಿಟ್ಟು ನಡೆದರು. 12 ವರ್ಷದ ಮೇಲೆ, 1692ರಲ್ಲಿ, ಮರಳಿದರು ನಿಜ. ಹಳೆಯ ಕಪ್ಪದ ಪದ್ಧತಿಯನ್ನು ಮಾತ್ರ ಮತ್ತೆ ಹೇರಲಾಗಲಿಲ್ಲ. ಇದನ್ನು ಸೋತ ದಂಗೆ ಎಂದು ಬರೆಯುವುದು ನನಗೆ ಒಪ್ಪಿಗೆಯಿಲ್ಲ.

*

ಕುದುರೆ ಸ್ಪೇನಿನದು, ಸವಾರಿ ಬಯಲುನಾಡಿನ ಮೂಲನಿವಾಸಿ ಕೊಮಾಂಚಿಗಳದಾಯಿತು.

*

ಸರಕಾರಕ್ಕೆ ಮಾತಾಡಲು ಒಬ್ಬ ಯಜಮಾನ ಬೇಕು. ಕೊಮಾಂಚಿಗಳಲ್ಲೋ ಹಲವು ತಂಡ, ಹಲವು ಹಿರಿಯರು. ಎಲ್ಲರ ಪರವಾಗಿ ಒಬ್ಬನೇ ಬರಲಿ ಎಂದು ಸ್ಪೇನಿನ ಗವರ್ನರ್ ಆನ್ಸಾ ಪಟ್ಟುಹಿಡಿದ; ಹಿರಿಯ ಎಕ್ವೆರಕಾಪಾ ಮುಂದೆ ಬಂದ; 1786ರಲ್ಲಿ ಸಂಧಿಯಾಯಿತು. ಬುಡಕಟ್ಟು ಅನಾದಿಯದು ಎಂದುಕೊಳ್ಳುತ್ತೇವೆ. ಎಷ್ಟೋ ಸಲ ಅದರ ಸುತ್ತಿನ ಬೇಲಿ ಸರಕಾರದ ಅನುಕೂಲಕ್ಕೆ ಹಾಕಿದ್ದು.

*

ನ್ಯೂ ಮೆಕ್ಸಿಕೊದ ಮಣ್ಣಿನ ಗೋಡೆಗೆ ಇಳಿಬಿಟ್ಟ ಕೆಂಪು ಮೆಣಸಿನಕಾಯಿ ಸರ, ಬ್ಯಾಡಗಿ ಮಾರುಕಟ್ಟೆಯ ಕೆಂಪು ರಾಶಿ: ಒಂದೇ ಬಳಗ. ಅದನ್ನು ಇಲ್ಲಿಗೆ ತಂದ ಪೋರ್ಚುಗೀಸರ ಹಡಗು ನಮಗೆ ಗೊತ್ತು. ಕಾಡಿನ ಗಿಡದಿಂದ ಒಳ್ಳೆಯ ಬೀಜ ಆರಿಸಿ ಮುಂದಿನ ಮಳೆಗೆ ಎತ್ತಿಟ್ಟ ಅಮೆರಿಕದ ಮೂಲನಿವಾಸಿ ಹೆಂಗಸರು, ಗಂಡಸರು ನಮ್ಮ ಒಗ್ಗರಣೆಯ ಹತ್ತಿರದ ನೆಂಟರು.

*

ಅಪಾಚೆ, ನವಾಹೊ, ಪಾನಿ, ಹೀಗೆ ಬೇರೆ ಬೇರೆ ಮೂಲನಿವಾಸಿ ಜನರಿಂದ ಸೆರೆಹಿಡಿದು ತಂದ ಮಕ್ಕಳು ಸ್ಪೇನಿನವರ ಮನೆಗಳಲ್ಲಿ ಆಳುಗಳಾಗಿ ಬೆಳೆದರು. ತಾಯಿಮಾತು ಹೋಯಿತು. ಅವರಿಗೆ ಹೆನೀಸರೊ ಎಂದು ಹೆಸರಾಯಿತು. 1754ರಲ್ಲಿ ಗಡಿಯ ಊರು ಅಬಿಕ್ಯುವಿನಲ್ಲಿ ಅವರಿಗೆ ನೆಲ ಕೊಟ್ಟದ್ದು, ದಾಳಿಗೆ ಅವರೇ ಮೊದಲು ಎದೆಯೊಡ್ಡಲಿ ಎಂದು. ಅವರು ಅಲ್ಲೇ ಬೇರುಬಿಟ್ಟರು. ಕಳೆದುಕೊಂಡವರೆಲ್ಲ ಕಳೆದುಹೋದವರಲ್ಲ. ಇಂದಿಗೂ ಊರಿನ ಸಂತ ಸಾಂತೊ ತೋಮಾಸನ ಹಬ್ಬ ಬಂತೆಂದರೆ ಅಬಿಕ್ಯುವಿನ ಮಕ್ಕಳು ಸೆರೆಯಾದವರ ಕುಣಿತ ಕುಣಿಯುತ್ತಾರೆ.