ಕನಸು ನನಸಾಗುವ ದ್ವೀಪ

ಮದುವೆಯ ಚಪ್ಪರದಲ್ಲಿ, ಹುಟ್ಟುಹಬ್ಬದ ದಿನ, ಹೊಸ ವರ್ಷದ ಹೊಸ್ತಿಲಲ್ಲಿ ನಾವು ಒಬ್ಬರಿಗೊಬ್ಬರು ಹೇಳಿಕೊಳ್ಳುವ ಹಾರೈಕೆಯೊಂದಿದೆ: ನಿಮ್ಮ ಕನಸುಗಳೆಲ್ಲ ನನಸಾಗಲಿ. ಪ್ರಿಯ ಓದುಗರೇ, ಈ ಹಾರೈಕೆ ಅಕ್ಷರಶಃ ಈಡೇರಿದರೆ ಏನಾದೀತೆಂದು ತಾವು ಎಂದಾದರೂ ಯೋಚಿಸಿದ್ದೀರಾ? ಹಗಲಿನಲ್ಲಿ ನಾವೇ ಹೆಣೆದುಕೊಳ್ಳುವ ಕನಸುಗಳ ಮಾತಲ್ಲ. ಇರುಳಿನಲ್ಲಿ ನಮ್ಮ ಅಪ್ಪಣೆಯನ್ನು ಕೇಳದೆ ಬಂದು, ಬೆವರಿ ಎದ್ದು ಕೂರುವಂತೆ ಮಾಡುವ ಕನಸುಗಳ ಮಾತು.

ಈ ಪ್ರಶ್ನೆಯನ್ನು ಸಿ.ಎಸ್. ಲೂಯಿಸ್ ಮಕ್ಕಳ ಕಾದಂಬರಿಯೊಂದರಲ್ಲಿ ಎತ್ತಿದ್ದಾರೆ. 1898ರಲ್ಲಿ ಬೆಲ್‌ಫಾಸ್ಟ್‌ನಲ್ಲಿ ಜನಿಸಿದ ಅವರು ಹತ್ತು ವರ್ಷ ತುಂಬುವ ಮೊದಲೇ ತಾಯಿಯನ್ನು ಕಳೆದುಕೊಂಡವರು; ಮೊದಲ ಮಹಾಯುದ್ಧದಲ್ಲಿ ಹೋರಾಡಿ 1918ರಲ್ಲಿ ಗಾಯಗೊಂಡವರು. ಭಯವನ್ನು ಅವರು ಪುಸ್ತಕದಿಂದ ಕಲಿತವರಲ್ಲ. ನಾರ್ನಿಯಾ ಎಂಬ ಕಲ್ಪನಾಲೋಕವನ್ನು ಕುರಿತ ಅವರ ಏಳು ಕೃತಿಗಳಲ್ಲಿ ಮೂರನೆಯದಾಗಿ 1952ರಲ್ಲಿ ಪ್ರಕಟವಾದದ್ದು ‘ದ ವಾಯೇಜ್ ಆಫ್ ದ ಡಾನ್ ಟ್ರೆಡರ್’. ಅದರಲ್ಲಿ ಬರುವ ಕತ್ತಲ ದ್ವೀಪದ ಪ್ರಸಂಗ ಕೆಲವೇ ಪುಟಗಳದು. ಆದರೆ ಮನಸ್ಸಿನಲ್ಲಿ ಬಹುಕಾಲ ಉಳಿಯುವಂಥದು.

ಕ್ಯಾಸ್ಪಿಯನ್ ದೊರೆ, ತನ್ನ ಚಿಕ್ಕಪ್ಪನ ಕುತಂತ್ರದಿಂದ ಕಡಲಾಚೆ ಹೋದ ಏಳು ಮಂದಿ ಸಾಮಂತರನ್ನು ಹುಡುಕುತ್ತ ಪೂರ್ವಕ್ಕೆ ಸಾಗುತ್ತಿದ್ದಾನೆ. ದೂರದಿಂದ ಬೆಟ್ಟದಂತೆ ತೋರಿದ್ದು ಬಳಿಸಾರಿದಾಗ ಬರಿಯ ಕತ್ತಲೆಂದು ತಿಳಿಯುತ್ತದೆ. ದೀಪ ಹೊತ್ತಿಸಿ ಒಳಹೊಕ್ಕವರಿಗೆ ನೀರಿನಿಂದ ಆರ್ತನಾದ ಕೇಳಿಸುತ್ತದೆ. ಅವರು ಮೇಲೆತ್ತಿದ ಆ ಮನುಷ್ಯ, ಕಳೆದುಹೋದ ಸಾಮಂತರಲ್ಲೊಬ್ಬನಾದ ರೂಪ್. ಇದು ಕನಸುಗಳು ನಿಜವಾಗುವ ದ್ವೀಪವೆಂದು ಅವನು ಹೇಳಿದೊಡನೆ ನಾವಿಕರು ಹಿಗ್ಗುತ್ತಾರೆ. ಒಬ್ಬನಿಗೆ ಮೆಚ್ಚಿದವಳು ಮಡದಿಯಾಗುವ ಆಸೆ. ಇನ್ನೊಬ್ಬನಿಗೆ ಸತ್ತುಹೋದ ಆಪ್ತನನ್ನು ಮತ್ತೆ ಕಾಣುವ ಆಸೆ. ರೂಪ್ ಕೋಪದಿಂದ ನೆಲಕ್ಕೆ ಕಾಲಪ್ಪಳಿಸುತ್ತಾನೆ: ಇಲ್ಲಿ ನಿಜವಾಗುವುದು ಹಗಲುಗನಸುಗಳಲ್ಲ. ಅರೆನಿಮಿಷದ ಮೌನ, ಬಳಿಕ ಎಲ್ಲರೂ ಹುಟ್ಟುಗಳತ್ತ ಧಾವಿಸುತ್ತಾರೆ.

ಲೂಯಿಸ್ ಇಲ್ಲಿ ಒಂದೇ ಒಂದು ಭೂತವನ್ನೂ ತೋರಿಸುವುದಿಲ್ಲ. ಒಬ್ಬನಿಗೆ ದೈತ್ಯ ಕತ್ತರಿಯ ಸದ್ದು ಕೇಳಿಸಿದರೆ, ಮತ್ತೊಬ್ಬನಿಗೆ ಹಡಗಿನ ಪಕ್ಕದಲ್ಲಿ ಏನೋ ಹತ್ತಿಬರುತ್ತಿರುವ ಸದ್ದು, ಮಗದೊಬ್ಬನಿಗೆ ಜಾಗಟೆಯ ಸದ್ದು. ಕತ್ತಲು ಒಂದೇ; ಭಯ ಮಾತ್ರ ಅವರವರದು. ಎಲ್ಲರಿಗೂ ಸಮಾನವಾಗಿದ್ದ ಒಂದೇ ನಂಬಿಕೆಯೆಂದರೆ ಇಲ್ಲಿಂದ ಬಿಡುಗಡೆಯಿಲ್ಲ ಎಂಬುದು. ಭಯವು ವಾಸ್ತವವನ್ನು ತಿರುಚುವ ಬಗೆ ಇದೇ ಅಲ್ಲವೇ? ಅದು ಇಲ್ಲದ್ದನ್ನು ತೋರಿಸುತ್ತದೆ. ಅದಕ್ಕಿಂತ ಹೆಚ್ಚಾಗಿ, ಇರುವ ದಾರಿಯನ್ನು ಮರೆಮಾಡುತ್ತದೆ.

ಆಗ ಲೂಸಿ ಎಂಬ ಬಾಲಕಿ, ಈ ಕಥೆಗಳಲ್ಲಿ ಕ್ರಿಸ್ತನನ್ನು ನೆನಪಿಸುವ ಸಿಂಹವಾದ ಅಸ್ಲಾನನನ್ನು ಪಿಸುದನಿಯಲ್ಲಿ ಕರೆಯುತ್ತಾಳೆ. ಕತ್ತಲೇನೂ ಕಡಿಮೆಯಾಗುವುದಿಲ್ಲ, ಅವಳ ಮನಸ್ಸು ಮಾತ್ರ ತೀರ ತುಸುವೇ ಹಗುರವಾಗುತ್ತದೆ. ಗೆತ್ಸೆಮನಿ ತೋಪಿನಲ್ಲಿಯೂ ಪಾತ್ರೆ ದೂರವಾಗಲಿಲ್ಲ. ದೂತನೊಬ್ಬ ಬಂದು ಬಲಪಡಿಸಿದನೆಂದು ಸಂತ ಲೂಕನು ಬರೆಯುತ್ತಾನೆ. ಬಳಿಕ ಬೆಳಕಿನ ಕಿರಣದೊಂದಿಗೆ ಆಲ್ಬಟ್ರಾಸ್ ಎಂಬ ಕಡಲಹಕ್ಕಿ ಬಂದು ಹಡಗಿಗೆ ದಾರಿ ತೋರುತ್ತದೆ. ಆದರೂ ಚುಕ್ಕಾಣಿ ತಿರುಗಿಸಬೇಕಾದವನು ಕಪ್ತಾನನೇ, ಹುಟ್ಟು ಹಾಕಬೇಕಾದವರು ನಾವಿಕರೇ. ಕೃಪೆಯು ಅವರ ತೋಳುಗಳಿಗೆ ವಿಶ್ರಾಂತಿ ಕೊಡಲಿಲ್ಲ, ದಿಕ್ಕು ಕೊಟ್ಟಿತು.

ಈ ಪ್ರಸಂಗಕ್ಕೆ ಲೂಯಿಸ್ ಎರಡು ಮುಕ್ತಾಯಗಳನ್ನು ಬರೆದರು. ಮೊದಲ ಬ್ರಿಟಿಷ್ ಆವೃತ್ತಿಯಲ್ಲಿ, ಬೆಳಕಿಗೆ ಬಂದವರು ಹೆದರಲು ಏನೂ ಇರಲೇ ಇಲ್ಲವೆಂದು ಅರಿಯುತ್ತಾರೆ. ಹಿಂದಿರುಗಿ ನೋಡಿದರೆ ದ್ವೀಪವೇ ಮಾಯವಾಗಿರುತ್ತದೆ. ಅಮೆರಿಕದ ಆವೃತ್ತಿಗಾಗಿ ಅವರು ತಿದ್ದಿದ ಪಾಠದಲ್ಲಿ ಕತ್ತಲು ಅಳಿಯುವುದಿಲ್ಲ. ಹಡಗು ದೂರ ಸಾಗುತ್ತದೆ, ಅಷ್ಟೆ. ಅಲ್ಲಿ ತಾನು ಕಂಡದ್ದನ್ನು ಯಾರೂ ಎಂದಿಗೂ ಕೇಳಬಾರದೆಂದು ರೂಪ್ ಬೇಡುತ್ತಾನೆ. ದೊರೆ ಒಡನೆಯೇ ಒಪ್ಪುತ್ತಾನೆ. 1994ರ ಏಕರೂಪದ ಆವೃತ್ತಿಯಿಂದೀಚೆಗೆ ಎರಡೂ ಕಡೆ ಮೊದಲ ಪಾಠವೇ ಅಚ್ಚಾಗುತ್ತಿದೆ.

ಇವೆರಡರಲ್ಲಿ ಸತ್ಯ ಯಾವುದು? ಕತ್ತಲಿಗೆ ಕೊನೆಯ ಮಾತಿಲ್ಲವೆಂಬ ಮೊದಲ ಮುಕ್ತಾಯವು ನಮ್ಮ ನಿರೀಕ್ಷೆಯ ಸತ್ಯ. ಕತ್ತಲು ಇನ್ನೂ ಇದೆ, ಆದರೂ ಅದರಿಂದ ಹೊರಬರಬಹುದೆಂಬ ಎರಡನೆಯದು ನಮ್ಮ ದಿನನಿತ್ಯದ ಸತ್ಯ. ಇನ್ನೂ ಎರಡನೆಯದರಲ್ಲಿ ಬದುಕುತ್ತಿರುವವನಿಗೆ ಮೊದಲನೆಯದನ್ನು ಉಪದೇಶಿಸುವಾಗ ನಾವು ಕ್ರೂರಿಗಳಾಗುತ್ತೇವೆ. ನಾವಿಕರು ಆ ಕತ್ತಲಲ್ಲಿದ್ದುದು ಸ್ವಲ್ಪ ಹೊತ್ತು. ರೂಪ್ ಇದ್ದುದು ವರ್ಷಗಟ್ಟಲೆ. ಅಲ್ಲಿ ಏನೂ ಇರಲಿಲ್ಲವೆಂದು ಅವನಿಗೆ ಹೇಳುವ ಹಕ್ಕು ಅವರಿಗಿದೆಯೇ?

ನಮ್ಮ ಮನೆಗಳಲ್ಲಿಯೂ ಇಂಥ ರೂಪ್‌ಗಳಿದ್ದಾರೆ. ಖಿನ್ನತೆಯಿಂದ ಬಳಲುವ ಮಗಳು, ಹಳೆಯ ಹಿಂಸೆಯ ನೆನಪಿನಿಂದ ರಾತ್ರಿಯಿಡೀ ಎಚ್ಚರವಾಗಿರುವ ತಂದೆ. ಎಲ್ಲವೂ ನಿನ್ನ ಭ್ರಮೆ, ನಿನ್ನ ವಿಶ್ವಾಸ ಸಾಲದು ಎಂದು ನಾವು ಎಷ್ಟು ಸುಲಭವಾಗಿ ಹೇಳಿಬಿಡುತ್ತೇವೆ! ಅವರ ಕಣ್ಣಿಗೆ ಕಾಣುವುದು ನಮಗೆ ಕಾಣದಿರಬಹುದು. ಅವರ ನೋವಂತೂ ನಿಜ. ಅವರಿಗಾಗಿ ಪ್ರಾರ್ಥಿಸೋಣ, ವೈದ್ಯರ ಬಳಿಗೆ ಜೊತೆಯಲ್ಲಿ ಹೋಗೋಣ, ಹೇಳಲಾರದ್ದನ್ನು ಕೆದಕದಿರೋಣ. ಹುಟ್ಟು ಹಾಕುವುದೆಂದರೆ ಇದೇ.

ಮುಂದೆ ಮತ್ತೊಂದು ದ್ವೀಪದಲ್ಲಿ ರೂಪ್‌ನಿಗೆ ದೊರೆಯುವ ವರ ಸಿಂಹಾಸನವಲ್ಲ, ಸಂಪತ್ತೂ ಅಲ್ಲ. ಕನಸಿನ ನೆರಳೂ ಸುಳಿಯದ ಗಾಢ ನಿದ್ರೆ. ಕನಸುಗಳೆಲ್ಲ ನನಸಾಗಲಿ ಎಂದು ಇನ್ನೊಮ್ಮೆ ಹಾರೈಸುವಾಗ, ಎದುರಿಗಿರುವವರ ಕಣ್ಣುಗಳನ್ನು ತುಸು ನೋಡಿ. ಅವರಿಗೆ ಬೇಕಾಗಿರುವುದು ಒಂದು ರಾತ್ರಿಯ ನೆಮ್ಮದಿಯ ನಿದ್ರೆಯೇ ಆಗಿರಬಹುದು.